ಕಾರು ಪಾಸ್, ಚಾಲಕ ಫೇಲ್

ರೇಸಿಗೆ ಮುನ್ನ ಕಾರುಗಳನ್ನು ತಪಾಸಣೆ ಮಾಡುವುದು ಮೋಟಾರು ಕ್ರೀಡೆಯ ಹಳೆಯ ವಾಡಿಕೆ. ಬ್ರೇಕ್ ಹಿಡಿಯುತ್ತದೆಯೇ, ಸ್ಟೀರಿಂಗಿನಲ್ಲಿ ಸಡಿಲವಿದೆಯೇ, ಎಲ್ಲಾದರೂ ಎಣ್ಣೆ ಸೋರುತ್ತಿದೆಯೇ ಎಂದೆಲ್ಲ ನೋಡಿ ಅಧಿಕಾರಿಗಳು ಒಪ್ಪಿಗೆ ಕೊಟ್ಟರೆ ಮಾತ್ರ ಗಾಡಿ ಟ್ರ್ಯಾಕಿಗಿಳಿಯಬೇಕು. 1954ರ ಏಪ್ರಿಲ್‌ನಲ್ಲಿ ಇಂಗ್ಲೆಂಡಿನ ಚೆಷೈರ್ ಸೀಮೆಯ ಔಲ್ಟನ್ ಪಾರ್ಕ್‌ನಲ್ಲಿ ಬ್ರಿಟಿಷ್ ಎಂಪೈರ್ ಟ್ರೋಫಿಗೆಂದು ಬಂದಿದ್ದ ಲಿಸ್ಟರ್ ಎಂಬ ಹೊಸ ಪುಟ್ಟ ಕಾರಿನ ವಿಷಯದಲ್ಲಿ ಅಂಥ ತಕರಾರೇನೂ ಇರಲಿಲ್ಲ. ಅದು ಹಿಂದಿನ ವಾರವಷ್ಟೇ ಸ್ನೆಟರ್ಟನ್‌ನಲ್ಲಿ ತನ್ನ ಮೊಟ್ಟಮೊದಲ ರೇಸನ್ನು ಗೆದ್ದು ಬಂದ ಕಾರು. ತಕರಾರು ಎದ್ದದ್ದು ಅದನ್ನು ಓಡಿಸಲು ಬಂದವನ ಮೇಲೆ. ಐದಡಿ ಎತ್ತರದ, ಮೀಸೆ ಬಿಟ್ಟ, ಸದಾ ನಗುಮೊಗದ ಆ ಯುವಕನಿಗೆ ಬಲ ಮುಂಗೈಯೇ ಇರಲಿಲ್ಲ. ಅದನ್ನು ಕಂಡ ಯಾರೋ ದೂರು ಕೊಟ್ಟರು. ಇಂಥವನು ಓಡಿಸಿದರೆ ಉಳಿದವರ ಗತಿಯೇನು ಎಂಬುದು ದೂರಿನ ತಿರುಳು. ಅಧಿಕಾರಿಗಳು ಲೈಸೆನ್ಸ್ ಕಿತ್ತುಕೊಂಡು ಅವನನ್ನು ಪಕ್ಕಕ್ಕೆ ನಿಲ್ಲಿಸಿದರು.

ಅವನ ಹೆಸರು ವಿಲಿಯಂ ಆರ್ಚಿಬಾಲ್ಡ್ ಸ್ಕಾಟ್ ಬ್ರೌನ್. ಎಲ್ಲರ ಬಾಯಲ್ಲೂ ಆರ್ಚಿ.

ಫಾರ್ಮುಲಾ ಒನ್ ಎಂದರೆ ಶುಮಾಕರ್, ಹ್ಯಾಮಿಲ್ಟನ್, ಹೆಚ್ಚೆಂದರೆ ಸೆನ್ನಾವರೆಗೆ ಹೋಗಿ ನಿಲ್ಲುವ ನಮ್ಮ ನೆನಪಿಗೆ ಆರ್ಚಿ ಸಿಗುವವನಲ್ಲ. ಅವನ ದೇಶದಲ್ಲೂ ಹಳೆಯ ಕಾರುಗಳ ಹುಚ್ಚಿರುವವರಿಗಷ್ಟೇ ಅವನು ಗೊತ್ತು. ಗೊತ್ತಿರುವವರು ಕೂಡ ‘ಒಂಟಿಗೈಯ ಚಾಲಕ’ ಎಂದು ಶುರುಮಾಡಿ ಅಲ್ಲಿಗೇ ಮುಗಿಸುವುದುಂಟು. ನನ್ನ ತಕರಾರು ಇರುವುದು ಇಲ್ಲಿಯೇ. ಕೈ ಇಲ್ಲದಿದ್ದರೂ ಓಡಿಸಿದ ಎಂಬುದು ಆರ್ಚಿಯ ಕಥೆಯ ಸಣ್ಣ ಭಾಗ. ಅವನು ಎಷ್ಟು ವೇಗವಾಗಿ ಓಡಿಸಿದ ಎಂಬುದೇ ದೊಡ್ಡ ಭಾಗ.

ಆರ್ಚಿ ಹುಟ್ಟಿದ್ದು 1927ರ ಮೇ 13ರಂದು, ಸ್ಕಾಟ್ಲೆಂಡಿನ ಪೈಸ್ಲಿ ಪಟ್ಟಣದಲ್ಲಿ. ಹೊಟ್ಟೆಯಲ್ಲಿ ಮಗುವಿದ್ದಾಗ ತಾಯಿಗೆ ರುಬೆಲ್ಲಾ, ಅಂದರೆ ಜರ್ಮನ್ ದಡಾರ ತಗುಲಿತ್ತು. ಮೈಮೇಲೆ ನಾಲ್ಕು ಗುಳ್ಳೆ, ಒಂದಿಷ್ಟು ಜ್ವರ ಬಂದು ಹೋಗುವ ಈ ಕಾಯಿಲೆ ಗರ್ಭಿಣಿಗೆ ಬಂದರೆ ಮಗುವಿಗೆ ಏನೇನು ಮಾಡಬಲ್ಲದು ಎಂಬುದು ಆಗಿನ ವೈದ್ಯರಿಗೂ ತಿಳಿದಿರಲಿಲ್ಲ. ಅದನ್ನು ಮೊದಲು ಎತ್ತಿ ತೋರಿಸಿದವನು ಆಸ್ಟ್ರೇಲಿಯಾದ ಕಣ್ಣಿನ ವೈದ್ಯ ನಾರ್ಮನ್ ಗ್ರೆಗ್, ಅದೂ 1941ರಲ್ಲಿ. (ನಮ್ಮಲ್ಲಿ 2017ರ ಫೆಬ್ರುವರಿಯಲ್ಲಿ ದಡಾರ–ರುಬೆಲ್ಲಾ ಲಸಿಕೆ ಅಭಿಯಾನ ಆರಂಭವಾದಾಗ ಮೊದಲ ಸುತ್ತಿನ ರಾಜ್ಯಗಳಲ್ಲಿ ಕರ್ನಾಟಕವೂ ಇತ್ತು. ಶಾಲೆಗಳಿಗೇ ಬಂದು ಸೂಜಿ ಚುಚ್ಚಿದ್ದಕ್ಕೆ ಗೊಣಗಿದ ಪೋಷಕರು ಕಡಿಮೆಯೇನಿರಲಿಲ್ಲ.) ಮಗು ಹುಟ್ಟಿದಾಗ ಬಲತೋಳು ಅರ್ಧಕ್ಕೇ ನಿಂತಿತ್ತು. ಅದರ ತುದಿಯಲ್ಲಿ ಅಂಗೈಯಂಥ ಒಂದು ಸಣ್ಣ ಮುದ್ದೆ, ಹೆಬ್ಬೆರಳಿನ ಕುರುಹು. ಮೊಣಕಾಲಿನ ಕೆಳಗೆ ಮೂಳೆಗಳು ಸರಿಯಾಗಿ ಬೆಳೆದಿರಲಿಲ್ಲ, ಪಾದಗಳು ತಿರುಚಿಕೊಂಡಿದ್ದವು. 22 ಶಸ್ತ್ರಚಿಕಿತ್ಸೆಗಳಾದವು. ಕೊನೆಗೆ ಹುಡುಗ ಎದ್ದು ನಿಂತ, ನಡೆದ. ಆದರೆ ಐದಡಿಯ ಆಚೆ ಬೆಳೆಯಲಿಲ್ಲ.

ಅಪ್ಪ ಬಿಲ್ ಮೋಟಾರು ಪ್ರೇಮಿ. ಬ್ರೂಕ್‌ಲ್ಯಾಂಡ್ಸ್ ಟ್ರ್ಯಾಕಿನಲ್ಲಿ ಆಲ್ವಿಸ್ ಕಾರು ಓಡಿಸಿದವನು. ಮಗನ ಸ್ಥಿತಿ ನೋಡಿ ಮರುಗುತ್ತ ಕೂರುವ ಬದಲು, ಹುಲ್ಲು ಕತ್ತರಿಸುವ ಯಂತ್ರದ ಎಂಜಿನ್ ಜೋಡಿಸಿ ಅವನ ಅಳತೆಗೆ ಒಂದು ಚಿಕ್ಕ ಕಾರು ಮಾಡಿಕೊಟ್ಟ. ನಡೆಯಲು ಕಷ್ಟಪಡುತ್ತಿದ್ದ ಹುಡುಗನಿಗೆ ಚಕ್ರದ ಮೇಲೆ ಕೂತರೆ ಬೇರೆಯವರಿಗಿಂತ ತಾನು ಕಡಿಮೆಯಲ್ಲ ಎಂಬುದು ಗೊತ್ತಾದದ್ದು ಆಗಲೇ ಇರಬೇಕು. ದೊಡ್ಡವನಾದ ಮೇಲೆ ಆರ್ಚಿ ಹೊಟ್ಟೆಪಾಡಿಗೆ ಹಿಡಿದದ್ದು ತಂಬಾಕು ಕಂಪನಿಯೊಂದರ ಮಾರಾಟ ಪ್ರತಿನಿಧಿಯ ಕೆಲಸ. ಕೇಂಬ್ರಿಜ್ ಊರನ್ನು ನೆಲೆ ಮಾಡಿಕೊಂಡು ಪೂರ್ವ ಇಂಗ್ಲೆಂಡಿನ ರಸ್ತೆಗಳನ್ನೆಲ್ಲ ಸುತ್ತುವುದು. ಬಿಡುವಾದಾಗ ತನ್ನ ಎಂಜಿ ಕಾರನ್ನು ಕ್ಲಬ್ ರೇಸುಗಳಿಗೆ ಒಯ್ಯುವುದು.

ಯುದ್ಧ ಮುಗಿದ ಬ್ರಿಟನ್‌ನಲ್ಲಿ ರೇಸಿಗೆ ಜಾಗದ ಕೊರತೆ ಇರಲಿಲ್ಲ. ಬಾಂಬರ್ ವಿಮಾನಗಳು ಹಾರಿಹೋದ ಮೇಲೆ ಉಳಿದ ಕಾಂಕ್ರೀಟ್ ರನ್‌ವೇಗಳು ಊರೂರಿಗೂ ಬಿದ್ದಿದ್ದವು. ಸಿಲ್ವರ್‌ಸ್ಟೋನ್, ಸ್ನೆಟರ್ಟನ್, ಗುಡ್‌ವುಡ್ ಮೂರೂ ಹಳೆಯ ವಾಯುನೆಲೆಗಳೇ. ಹುಲ್ಲುಮೆದೆ ಮತ್ತು ಎಣ್ಣೆಡಬ್ಬಿಗಳನ್ನು ಗಡಿಯಾಗಿಟ್ಟು ರನ್‌ವೇ ಸುತ್ತ ಓಡಿಸಿದರೆ ರೇಸ್ ಟ್ರ್ಯಾಕ್ ತಯಾರು. ನಮ್ಮ ಬೆಂಗಳೂರಿನ ಹಳೆಯ ರೇಸ್ ಪ್ರಿಯರು ಮದ್ರಾಸಿನ ಬಳಿಯ ಶೋಲಾವರಂಗೆ ಹೋಗಿ ನೋಡುತ್ತಿದ್ದದ್ದೂ ಅಂಥದೇ ಯುದ್ಧಕಾಲದ ವಿಮಾನಪಟ್ಟಿಯನ್ನು. ದುಡ್ಡಿಲ್ಲದ, ಆದರೆ ಕೈಕೆಲಸ ಗೊತ್ತಿದ್ದ ಹುಡುಗರು ತಮ್ಮದೇ ಶೆಡ್ಡುಗಳಲ್ಲಿ ಕಾರು ಕಟ್ಟಿ ತರುತ್ತಿದ್ದ ಕಾಲ ಅದು. ಹಾಗೆ ಕಟ್ಟಿದವರಲ್ಲಿ ಒಬ್ಬ ಬ್ರಿಯಾನ್ ಲಿಸ್ಟರ್.

ಬ್ರಿಯಾನ್‌ನದು ಕೇಂಬ್ರಿಜ್‌ನ ಹಳೆಯ ಕುಲುಮೆ ಮನೆತನ. ಅಜ್ಜನ ಕಾಲದಲ್ಲಿ ಶುರುವಾದ ‘ಜಾರ್ಜ್ ಲಿಸ್ಟರ್ ಆ್ಯಂಡ್ ಸನ್ಸ್’ ಕಬ್ಬಿಣದ ಕೆಲಸ, ಯಂತ್ರದ ಕೆಲಸ ಮಾಡುತ್ತಿತ್ತು. ಬ್ರಿಯಾನ್‌ಗೆ ಜಾಜ್ ಸಂಗೀತದಲ್ಲಿ ಡ್ರಮ್ ಬಾರಿಸುವ ಗೀಳು, ಜೊತೆಗೆ ಕಾರಿನ ಗೀಳು. ಟೊಜೀರೊ–ಜಾಪ್ ಎಂಬ ಹಗುರವಾದ, ಸ್ವಲ್ಪ ಭಯಂಕರವಾದ ಕಾರೊಂದನ್ನು ಇಟ್ಟುಕೊಂಡಿದ್ದ. ಸ್ಥಳೀಯ ಕೂಟವೊಂದರಲ್ಲಿ ಆರ್ಚಿ ಓಡಿಸುವುದನ್ನು ನೋಡಿದ ಮೇಲೆ ಅವನಿಗೆ ಒಂದು ವಿಷಯ ಸ್ಪಷ್ಟವಾಯಿತು. ತನ್ನ ಕಾರು ತನಗಿಂತ ಆರ್ಚಿಯ ಕೈಯಲ್ಲೇ ಚೆನ್ನಾಗಿ ಓಡುತ್ತದೆ! ಮಾಲೀಕನಾದವನಿಗೆ ಈ ಬುದ್ಧಿ ಬರುವುದು ಅಪರೂಪ. ಬ್ರಿಯಾನ್ ಸ್ಟೀರಿಂಗ್ ಬಿಟ್ಟುಕೊಟ್ಟು ಕಾರು ಕಟ್ಟುವುದಕ್ಕೆ ಕೂತ. ಎಂಜಿನ್ ಹದಗೊಳಿಸಲು ಅದೇ ಊರಿನ ಡಾನ್ ಮೂರ್ ಎಂಬ ಮೆಕ್ಯಾನಿಕ್ ಸಿಕ್ಕ. ಹಸಿರು ಮೈಗೆ ಹಳದಿ ಪಟ್ಟೆ ಬಳಿದ ಲಿಸ್ಟರ್ ಕಾರುಗಳು ಹುಟ್ಟಿದ್ದು ಹೀಗೆ.

ಅದಾದ ಮೇಲಿನದೇ ಔಲ್ಟನ್ ಪಾರ್ಕ್‌ನ ಪ್ರಸಂಗ. ಲೈಸೆನ್ಸ್ ಹೋದ ಆರ್ಚಿ ಸುಮ್ಮನೆ ಕೂರಲಿಲ್ಲ, ಅವನ ಸುತ್ತಲಿನವರೂ ಕೂರಲಿಲ್ಲ. ಮೋಟಾರು ಪತ್ರಕರ್ತರು, ಜೊತೆಗೆ ಓಡಿಸಿದ ಚಾಲಕರು, ಕ್ಲಬ್ಬಿನ ಹಿರಿಯರು ಅವನ ಪರ ನಿಂತರು. ವೈದ್ಯಕೀಯ ಪರೀಕ್ಷೆಯಾಯಿತು. ರಾಯಲ್ ಆಟೊಮೊಬೈಲ್ ಕ್ಲಬ್ ಮಣಿದು ಲೈಸೆನ್ಸ್ ಹಿಂದಿರುಗಿಸಿತು. ಅದೇ ವರ್ಷದ ಜುಲೈನಲ್ಲಿ, ಸಿಲ್ವರ್‌ಸ್ಟೋನ್‌ನಲ್ಲಿ ಬ್ರಿಟಿಷ್ ಗ್ರ್ಯಾನ್ ಪ್ರಿ ದಿನ ನಡೆದ ಸ್ಪೋರ್ಟ್ಸ್ ಕಾರ್ ರೇಸಿನಲ್ಲಿ ಬ್ರಿಸ್ಟಲ್ ಎಂಜಿನ್ ಕೂಡಿಸಿದ ಹೊಸ ಲಿಸ್ಟರ್‌ನಿಂದ ಎರಡು ಲೀಟರ್ ವರ್ಗವನ್ನು ಗೆದ್ದ. ಮರುವರ್ಷ, ಅಂದರೆ 1955ರಲ್ಲಿ, ಅದೇ ಔಲ್ಟನ್ ಪಾರ್ಕ್‌ಗೆ ಅದೇ ಬ್ರಿಟಿಷ್ ಎಂಪೈರ್ ಟ್ರೋಫಿಗೆ ಮತ್ತೆ ಹೋದ. ಗೆದ್ದ. ಹಿಂದಿನ ವರ್ಷ ದೂರು ಕೊಟ್ಟವರು ಆ ದಿನ ಪ್ರೇಕ್ಷಕರ ನಡುವೆ ಇದ್ದರೋ ಇಲ್ಲವೋ. ಇದ್ದಿದ್ದರೆ ಚೆನ್ನಾಗಿತ್ತು!

ಓಡಿಸುತ್ತಿದ್ದುದು ಹೇಗೆ?

ಕಾರು ಓಡಿಸಬಲ್ಲ ಯಾರಿಗೂ ಮೊದಲು ಬರುವ ಪ್ರಶ್ನೆ ಇದೇ. ಉತ್ತರ ಇರುವುದು ಬ್ರಿಟನ್‌ನ ರಸ್ತೆ ನಿಯಮದಲ್ಲಿ. ನಮ್ಮಲ್ಲಿರುವಂತೆ ಅಲ್ಲಿಯೂ ಸ್ಟೀರಿಂಗ್ ಬಲಕ್ಕೆ, ಗೇರ್ ಲಿವರ್ ಚಾಲಕನ ಎಡಗೈಗೆ. ಆರ್ಚಿಯ ಎಡಗೈ ಗಟ್ಟಿಮುಟ್ಟಾದುದು. ಗೇರ್ ಬದಲಿಸುವ ಕೆಲಸ ಅದರದ್ದು. ಬಲಗಡೆಯ ಮೊಂಡುತೋಳನ್ನು ಸ್ಟೀರಿಂಗ್ ಚಕ್ರದ ಒಳ ಅಂಚಿಗೆ ಒತ್ತಿ ಹಿಡಿದರೆ, ಎಡಗೈ ಗೇರಿನ ಮೇಲಿರುವ ಆ ಒಂದು ಕ್ಷಣಕ್ಕೆ ಚಕ್ರ ಅಲುಗಾಡದೆ ನಿಲ್ಲುತ್ತದೆ. ಗೇರ್ ಬಿದ್ದ ಕೂಡಲೇ ಎಡಗೈ ಮತ್ತೆ ಚಕ್ರಕ್ಕೆ. ನೋಡುವವರಿಗೆ ವಿಚಿತ್ರ, ಮಾಡುವವನಿಗೆ ಅಭ್ಯಾಸ. ಹುಟ್ಟಿದಾಗಿನಿಂದ ಒಂದೇ ಕೈಯಲ್ಲಿ ಬದುಕಿದವನು ‘ಇನ್ನೊಂದು ಕೈಯಿದ್ದಿದ್ದರೆ’ ಎಂಬ ಲೆಕ್ಕ ಹಾಕುವುದಿಲ್ಲ.

ಆದರೆ ಅಚ್ಚರಿ ಇರುವುದು ಗೇರಿನಲ್ಲಲ್ಲ, ತಿರುವಿನಲ್ಲಿ. ಐವತ್ತರ ದಶಕದ ಟೈರುಗಳು ಈಗಿನಂತೆ ಅಗಲವಾಗಿ ನೆಲ ಕಚ್ಚುತ್ತಿರಲಿಲ್ಲ. ತಿರುವಿನಲ್ಲಿ ವೇಗ ಉಳಿಸಿಕೊಳ್ಳಬೇಕೆಂದರೆ ಕಾರನ್ನು ಬೇಕೆಂದೇ ಜಾರಿಸಬೇಕು. ಹಿಂಬದಿ ಹೊರಕ್ಕೆ ಸರಿಯುತ್ತಿದ್ದಂತೆ ಮುಂದಿನ ಚಕ್ರಗಳನ್ನು ಜಾರುವ ದಿಕ್ಕಿಗೇ ತಿರುಗಿಸಿ, ಆಕ್ಸಿಲರೇಟರ್ ಮೇಲಿನ ಪಾದದಿಂದಲೇ ಸಮತೋಲ ಹಿಡಿದು, ನಾಲ್ಕೂ ಚಕ್ರಗಳ ಮೇಲೆ ಓರೆಯಾಗಿ ತೇಲಿಕೊಂಡು ಹೋಗಬೇಕು. ಇದಕ್ಕೆ ಸ್ಟೀರಿಂಗನ್ನು ಸರ್ರನೆ ಇತ್ತಿಂದತ್ತ, ಅತ್ತಿಂದಿತ್ತ ಆಡಿಸುವ ವೇಗ ಬೇಕು. ಎರಡು ಕೈ ಇದ್ದವರಿಗೇ ಕೈಕೊಡುವ ಕೆಲಸ. ಆರ್ಚಿಯ ಶೈಲಿಯೇ ಇದಾಗಿತ್ತು ಎಂಬುದು ತಮಾಷೆ. ಕಾರಿನ ಬಾಲ ಅವನಷ್ಟು ಹೊರಗೆ ಬಿಡುತ್ತಿದ್ದವರು ವಿರಳ. ಛಾಯಾಗ್ರಾಹಕರಿಗೆ ಅವನೆಂದರೆ ಹಬ್ಬ. ಅವನ ಹಳೆಯ ಫೋಟೊಗಳನ್ನು ನೋಡಿ: ಲಿಸ್ಟರ್‌ನ ಮೂಗು ಟ್ರ್ಯಾಕಿನ ಒಳಗಂಚಿಗೆ, ಹಿಂಚಕ್ರ ಹೊರಗಂಚಿಗೆ, ಮುಂಚಕ್ರಗಳು ತಿರುವಿನ ವಿರುದ್ಧ ದಿಕ್ಕಿಗೆ, ಗುಂಡು ಹೆಲ್ಮೆಟ್ಟಿನ ಕೆಳಗೆ ಮಾತ್ರ ನಿರಾಳ ಮುಖ. ಐದು ಸಲ ವಿಶ್ವ ಚಾಂಪಿಯನ್ ಆದ ಫಾಂಜಿಯೊ ಕೂಡ ಅವನ ಕಾರು ಹಿಡಿತಕ್ಕೆ ತಲೆದೂಗಿದ್ದ ಎನ್ನುತ್ತಾರೆ.

1956ರಲ್ಲಿ ಕನಾಟ್ ಎಂಬ ಸಣ್ಣ ಬ್ರಿಟಿಷ್ ಕಂಪನಿ ತನ್ನ ಫಾರ್ಮುಲಾ ಒನ್ ಕಾರಿಗೆ ಆರ್ಚಿಯನ್ನು ಕರೆಯಿತು. ಹಿಂದಿನ ವರ್ಷವಷ್ಟೇ ಟೋನಿ ಬ್ರೂಕ್ಸ್ ಎಂಬ ದಂತವೈದ್ಯಕೀಯ ವಿದ್ಯಾರ್ಥಿ ಸಿಸಿಲಿಯ ಸಿರಾಕ್ಯೂಸ್‌ಗೆ ಹೋಗಿ, ದಾರಿಯುದ್ದಕ್ಕೂ ಪರೀಕ್ಷೆಗೆ ಓದಿಕೊಳ್ಳುತ್ತ, ಇದೇ ಕಂಪನಿಯ ಕಾರಿನಲ್ಲಿ ಇಟಲಿಯ ಘಟಾನುಘಟಿಗಳನ್ನು ಸೋಲಿಸಿ ಬಂದಿದ್ದ. ಕನಾಟ್‌ನಲ್ಲಿ ಆರ್ಚಿಗೆ ಅನುಕೂಲವಾಗುವ ಒಂದು ಸಂಗತಿ ಇತ್ತು. ಅದರದು ಪ್ರಿಸೆಲೆಕ್ಟರ್ ಗೇರ್‌ಬಾಕ್ಸ್. ಮುಂದೆ ಬೇಕಾಗುವ ಗೇರನ್ನು ನೇರ ರಸ್ತೆಯಲ್ಲಿರುವಾಗಲೇ ಸಣ್ಣ ಲಿವರಿನಿಂದ ಆರಿಸಿಟ್ಟುಬಿಡಬಹುದು. ತಿರುವು ಬಂದಾಗ ಪೆಡಲ್ ಒತ್ತಿದರೆ ಸಾಕು, ಗೇರ್ ತಾನಾಗಿಯೇ ಬೀಳುತ್ತದೆ, ಕೈ ಸ್ಟೀರಿಂಗ್ ಬಿಡಬೇಕಿಲ್ಲ. ಅದೇ ಕಾಲದ ಪ್ರಸಿದ್ಧ ಮಸೆರಾಟಿ 250ಎಫ್‌ನಲ್ಲಿ ಗೇರ್ ಲಿವರ್ ಬಲಗಡೆಗಿತ್ತು. ಯಂತ್ರ ಕಟ್ಟುವವನು ಲಿವರನ್ನು ಎತ್ತ ಇಟ್ಟ ಎಂಬುದೇ ಒಬ್ಬನನ್ನು ಸಮರ್ಥನನ್ನಾಗಿ ಅಥವಾ ಅಸಮರ್ಥನನ್ನಾಗಿ ಮಾಡಿಬಿಡುತ್ತದೆ.

ಆ ವರ್ಷದ ಈಸ್ಟರ್ ಸೋಮವಾರ ಗುಡ್‌ವುಡ್‌ನಲ್ಲಿ ಆರ್ಚಿ ಮಾಡಿದ್ದನ್ನು ನೋಡಿದವರು ಬಹುಕಾಲ ಮರೆಯಲಿಲ್ಲ. ಎದುರಿಗೆ ಮಸೆರಾಟಿಯಲ್ಲಿ ಸ್ಟರ್ಲಿಂಗ್ ಮಾಸ್, ಆ ಹೊತ್ತಿಗೆ ಬ್ರಿಟನ್ನಿನ ಮನೆಮಾತು. ಆರ್ಚಿ ಅವನನ್ನು ಹಿಂದಿಟ್ಟು ಮುನ್ನಡೆ ಹಿಡಿದ. ಬ್ರೇಕ್ ಕೈಕೊಟ್ಟಿತು, ಆಮೇಲೆ ಎಂಜಿನ್ ಕೂಡ. ಮುಂದಿನ ತಿಂಗಳು ಸಿಲ್ವರ್‌ಸ್ಟೋನ್‌ನ ಇಂಟರ್‌ನ್ಯಾಷನಲ್ ಟ್ರೋಫಿಯಲ್ಲಿ ಮಾಸ್ ವಾನ್‌ವಾಲ್ ಕಾರಿನಲ್ಲಿ ಗೆದ್ದ, ಆರ್ಚಿ ಎರಡನೆಯವನಾಗಿ ಬಂದ. ಜುಲೈ 14ರಂದು ಅದೇ ಸಿಲ್ವರ್‌ಸ್ಟೋನ್‌ನಲ್ಲಿ ಬ್ರಿಟಿಷ್ ಗ್ರ್ಯಾನ್ ಪ್ರಿ. ಫಾಂಜಿಯೊ, ಮಾಸ್, ಹಾಥಾರ್ನ್, ಕಾಲಿನ್ಸ್ ಎಲ್ಲರೂ ಇದ್ದ ಪಟ್ಟಿಯಲ್ಲಿ ಹತ್ತನೇ ಸ್ಥಾನದಿಂದ ಹೊರಟ. 16ನೇ ಲ್ಯಾಪಿನಲ್ಲಿ ಕಾರಿನ ಚಕ್ರವೇ ಕಳಚಿತು. ವಿಶ್ವ ಚಾಂಪಿಯನ್‌ಷಿಪ್‌ನಲ್ಲಿ ಆರ್ಚಿಯ ಲೆಕ್ಕ ಅಲ್ಲಿಗೆ ಮುಗಿಯಿತು. ಕಳಚಿದ್ದು ಕಾರಿನ ಚಕ್ರ ಎಂಬುದನ್ನು ಇಲ್ಲಿ ಗಮನಿಸಬೇಕು.

ಸೆಪ್ಟೆಂಬರಿನಲ್ಲಿ ಕನಾಟ್ ತಂಡ ಇಟಾಲಿಯನ್ ಗ್ರ್ಯಾನ್ ಪ್ರಿಗೆ ಹೊರಟಾಗ ಮೊಂಜಾದ ಸಂಘಟಕರು ಆರ್ಚಿಯನ್ನು ಒಪ್ಪಲಿಲ್ಲ. ಕಾರಣ ಮತ್ತೆ ಅದೇ. ಅವರ ಭಯವನ್ನು ಪೂರ್ತಿ ತಳ್ಳಿಹಾಕುವಂತಿಲ್ಲ. ಹಿಂದಿನ ವರ್ಷದ ಜೂನ್‌ನಲ್ಲಿ ಫ್ರಾನ್ಸಿನ ಲ ಮಾನ್‌ನಲ್ಲಿ ಮರ್ಸಿಡಿಸ್ ಕಾರೊಂದು ಪ್ರೇಕ್ಷಕರ ಮೇಲೆ ಸಿಡಿದು 80ಕ್ಕೂ ಹೆಚ್ಚು ಜನ ಸತ್ತಿದ್ದರು. ಸ್ವಿಟ್ಜರ್ಲೆಂಡ್ ರೇಸನ್ನೇ ನಿಷೇಧಿಸಿತ್ತು. ಮತ್ತೊಂದು ಅವಘಡವಾದರೆ ಪತ್ರಿಕೆಗಳು ಮೊದಲು ಕೇಳುವುದೇ ‘ಕೈಯಿಲ್ಲದವನನ್ನು ಬಿಟ್ಟವರು ಯಾರು’ ಎಂದು. ಅಧಿಕಾರಿಯ ಕುರ್ಚಿಯಲ್ಲಿ ಕೂತವನಿಗೆ ಬೇಡ ಎನ್ನುವುದರಲ್ಲಿ ಅಪಾಯವಿಲ್ಲ. ಆದರೆ ಲ ಮಾನ್‌ನ ಆ ಅಪಘಾತದಲ್ಲಿದ್ದ ಚಾಲಕರೆಲ್ಲ ಎರಡೆರಡು ಕೈಯಿದ್ದವರೇ. ಸಮಸ್ಯೆ ಇದ್ದದ್ದು ಪ್ರೇಕ್ಷಕರಿಗೂ ಕಾರಿಗೂ ನಡುವೆ ಏನೂ ಇಲ್ಲದ ರಸ್ತೆಯಲ್ಲಿ. ಆ ರಸ್ತೆಯನ್ನು ಸರಿಪಡಿಸುವುದಕ್ಕಿಂತ ಚಾಲಕನೊಬ್ಬನನ್ನು ತಡೆಯುವುದು ಸುಲಭ.

ಅಕ್ಟೋಬರಿನಲ್ಲಿ ಬ್ರ್ಯಾಂಡ್ಸ್ ಹ್ಯಾಚ್‌ನಲ್ಲಿ ನಡೆದ ಚಾಂಪಿಯನ್‌ಷಿಪ್‌ಗೆ ಸೇರದ ಫಾರ್ಮುಲಾ ಒನ್ ರೇಸನ್ನು ಆರ್ಚಿ ಗೆದ್ದ. ಮರುವರ್ಷ ಕನಾಟ್ ದುಡ್ಡಿಲ್ಲದೆ ಬಾಗಿಲು ಹಾಕಿತು. ಅದರ ಕಾರುಗಳು ಹರಾಜಿಗೆ ಬಂದಾಗ ಎರಡನ್ನು ಕೊಂಡವನು ಬರ್ನಿ ಎಕಲ್‌ಸ್ಟೋನ್ ಎಂಬ ತರುಣ ಗಾಡಿ ವ್ಯಾಪಾರಿ. ಹೌದು, ಮುಂದೆ ಫಾರ್ಮುಲಾ ಒನ್ನನ್ನೇ ಮುಷ್ಟಿಯಲ್ಲಿಟ್ಟುಕೊಂಡ ಅದೇ ಬರ್ನಿ.

ಹದಿನಾಲ್ಕರಲ್ಲಿ ಹನ್ನೊಂದು

ಆರ್ಚಿಯ ಬದುಕಿನ ನಡುಹಗಲು 1957. ಜಾಗ್ವಾರ್ ಕಂಪನಿ ಹಿಂದಿನ ವರ್ಷದ ಕೊನೆಗೆ ರೇಸಿನಿಂದ ಹಿಂದೆ ಸರಿದಿತ್ತು. ಫೆಬ್ರುವರಿಯಲ್ಲಿ ಅದರ ಕಾರ್ಖಾನೆಗೆ ಬೆಂಕಿಯೂ ಬಿತ್ತು. ಆದರೆ ಅದರ ಡಿ–ಟೈಪ್ ಕಾರಿನ ಎಂಜಿನ್ ಇನ್ನೂ ಜಗತ್ತಿನ ಅತ್ಯುತ್ತಮಗಳಲ್ಲಿ ಒಂದಾಗಿತ್ತು. ಬ್ರಿಯಾನ್ ಲಿಸ್ಟರ್ ಆ ಎಂಜಿನನ್ನು ತನ್ನ ಹಗುರವಾದ ಚಾಸಿಗೆ ಕೂಡಿಸಿದ. ಆ ಲಿಸ್ಟರ್–ಜಾಗ್ವಾರ್‌ನಲ್ಲಿ ಆರ್ಚಿ ಆ ವರ್ಷ 14 ರೇಸುಗಳಿಗಿಳಿದು 11 ಗೆದ್ದ. ಔಲ್ಟನ್ ಪಾರ್ಕ್‌ನ ಬ್ರಿಟಿಷ್ ಎಂಪೈರ್ ಟ್ರೋಫಿ ಎರಡನೇ ಸಲ ಅವನದಾಯಿತು. ಅಲ್ಲಿ ಎದುರಾಳಿಯಾಗಿದ್ದುದು ಆಸ್ಟನ್ ಮಾರ್ಟಿನ್ ಕಂಪನಿಯ ಅಧಿಕೃತ ತಂಡ. ದೊಡ್ಡ ಕಾರ್ಖಾನೆ, ದೊಡ್ಡ ದುಡ್ಡು, ರಾಯ್ ಸಾಲ್ವಡೋರಿಯಂಥ ನುರಿತ ಚಾಲಕ. ಎದುರಿಗೆ ಕೇಂಬ್ರಿಜ್‌ನ ಕುಲುಮೆಯಿಂದ ಬಂದ ಕಾರು, ತಂಬಾಕು ಮಾರುವ ಚಾಲಕ.

14ಕ್ಕೆ 11 ಎಂಬ ಅಂಕಿಯನ್ನು ಒಮ್ಮೆ ನಿಂತು ನೋಡಬೇಕು. ಆ ಕಾಲದ ಕಾರುಗಳು ರೇಸ್ ಪೂರ್ತಿ ಮುಗಿಸುವುದೇ ದೊಡ್ಡದು. ಒಂದು ಬೋಲ್ಟ್ ಸಡಿಲವಾದರೂ ಅರ್ಧದಲ್ಲೇ ನಿಲ್ಲಬೇಕು. ಅಂಥದ್ದರಲ್ಲಿ ಒಬ್ಬನೇ ಚಾಲಕ, ಒಂದೇ ಮಾದರಿಯ ಕಾರು, ಇಡೀ ಋತುವಿನ ಮುಕ್ಕಾಲು ಪಾಲಿಗಿಂತ ಹೆಚ್ಚು ಗೆಲುವು. ಕಾರು ಚೆನ್ನಾಗಿತ್ತು, ನಿಜ. ಆದರೆ ಆ ಕಾರಿನ ಪ್ರತಿ ಗುಣವೂ ಆರ್ಚಿಯ ಅಳತೆಗೆ ಹೊಲಿದದ್ದು ಎಂಬುದೂ ಅಷ್ಟೇ ನಿಜ.

1958ರ ಜನವರಿಯಲ್ಲಿ ಅವನು ಕಾರನ್ನು ನ್ಯೂಜಿಲೆಂಡಿಗೆ ಒಯ್ದು, ಕ್ರೈಸ್ಟ್‌ಚರ್ಚ್‌ನ ವಾಯುನೆಲೆಯಲ್ಲಿ ನಡೆಯುತ್ತಿದ್ದ ಲೇಡಿ ವಿಗ್ರಾಂ ಟ್ರೋಫಿಯನ್ನು ಗೆದ್ದುಕೊಂಡ. ಒಂಟಿ ಸೀಟಿನ ರೇಸಿಂಗ್ ಕಾರುಗಳ ನಡುವೆ ಸ್ಪೋರ್ಟ್ಸ್ ಕಾರಿನಲ್ಲಿ ಗೆದ್ದದ್ದು. ಮಾರ್ಚ್‌ನಲ್ಲಿ ಅಮೆರಿಕದ ಸೀಬ್ರಿಂಗ್ 12 ಗಂಟೆಗಳ ರೇಸ್. ಅಲ್ಲಿ ಶುರುವಾದ ಸ್ವಲ್ಪ ಹೊತ್ತಿಗೇ ಆರ್ಚಿಯ ಕಾರು ನಿಧಾನವಾಯಿತು. ಹಿಂದಿನಿಂದ ಬಂದ ಒಲಿವಿಯೆ ಜಾಂಡೆಬಿಯನ್‌ನ ಫೆರಾರಿ ತಡೆಯಲಾಗದೆ ಲಿಸ್ಟರ್‌ನ ಬೆನ್ನೇರಿಬಿಟ್ಟಿತು. ಫೆರಾರಿಯ ಮುಂಚಕ್ರ ಆರ್ಚಿಯ ತಲೆಯಿಂದ ಎಷ್ಟು ದೂರದಲ್ಲಿತ್ತು ಎಂಬುದನ್ನು ತೋರಿಸುವ ಫೋಟೊ ನೋಡಿದರೆ ಈಗಲೂ ಎದೆ ಝಲ್ಲೆನ್ನುತ್ತದೆ. ಆರ್ಚಿ ಗಾಯವಿಲ್ಲದೆ ಇಳಿದು ನಡೆದ.

ಆ ಹೊತ್ತಿಗೆ ಅವನಿಗೊಬ್ಬ ಸರಿಸಾಟಿ ಬಂದಿದ್ದ. ಅಮೆರಿಕದ ಕಾನ್ಸಸ್ ಸಿಟಿಯ ಮಾಸ್ಟನ್ ಗ್ರೆಗರಿ. ಸ್ಕಾಟ್ಲೆಂಡಿನ ಎಕ್ಯುರಿ ಎಕಾಸ್ ತಂಡ ಲಿಸ್ಟರ್–ಜಾಗ್ವಾರ್ ಒಂದನ್ನು ಕೊಂಡು ಅವನ ಕೈಗೆ ಕೊಟ್ಟಿತ್ತು. ಮೇ ತಿಂಗಳ ಮೊದಲ ವಾರ ಸಿಲ್ವರ್‌ಸ್ಟೋನ್‌ನಲ್ಲಿ ಗ್ರೆಗರಿ ಆರ್ಚಿಯನ್ನು ಸೋಲಿಸಿದ. ತನ್ನದೇ ಕಾರಿನಂಥ ಕಾರಿನಲ್ಲಿ, ತನ್ನದೇ ನೆಲದಲ್ಲಿ ಸೋಲು. ಅದು ಅವನಿಗೆ ನಾಟಿತು ಎಂದು ಬಲ್ಲವರು ಹೇಳಿದ್ದಾರೆ. ಗ್ರೆಗರಿ ಒಂದು ವಿಷಯಕ್ಕೆ ಪ್ರಸಿದ್ಧ. ಬಾಟಲಿ ತಳದಂಥ ದಪ್ಪ ಗಾಜಿನ ಕನ್ನಡಕವಿಲ್ಲದೆ ಅವನಿಗೆ ಮುಂದಿನದು ಕಾಣುತ್ತಿರಲಿಲ್ಲ. ಅವನನ್ನು ಯಾವ ಸಂಘಟಕರೂ ಪಕ್ಕಕ್ಕೆ ನಿಲ್ಲಿಸಲಿಲ್ಲ.

ಇನ್ನೊಬ್ಬನ ಮಾತನ್ನೂ ಇಲ್ಲೇ ಹೇಳಿಬಿಡುತ್ತೇನೆ. ಅದೇ 1958ರಲ್ಲಿ ಅಲನ್ ಸ್ಟೇಸಿ ಎಂಬ ಇಂಗ್ಲಿಷ್ ಯುವಕ ಲೋಟಸ್ ತಂಡದಿಂದ ಗ್ರ್ಯಾನ್ ಪ್ರಿಗೆ ಕಾಲಿಟ್ಟ. ಅವನ ಬಲಗಾಲು ಮೊಣಕಾಲಿನಿಂದ ಕೆಳಗೆ ಕೃತಕ. ಅದಕ್ಕಾಗಿ ಅವನ ಕಾರಿನ ಗೇರ್ ಲಿವರಿಗೆ ಮೋಟಾರ್‌ಸೈಕಲ್ಲಿನಲ್ಲಿರುವಂಥ ತಿರುಚುವ ಆಕ್ಸಿಲರೇಟರ್ ಜೋಡಿಸಿದ್ದರು. ವೈದ್ಯಕೀಯ ಪರೀಕ್ಷೆಯನ್ನು ಸ್ಟೇಸಿ ದಾಟುತ್ತಿದ್ದ ಬಗೆ ರೇಸ್ ವಲಯದಲ್ಲಿ ದಂತಕಥೆ. ವೈದ್ಯರು ಸುತ್ತಿಗೆಯಿಂದ ಮೊಣಕಾಲು ತಟ್ಟುವಾಗ ಮೊದಲು ಎಡಗಾಲನ್ನು ಮೇಲಿಟ್ಟು ಕೂರುತ್ತಿದ್ದನಂತೆ. ಇನ್ನೊಂದು ಕಾಲಿನ ಸರದಿ ಬಂದಾಗ ಗೆಳೆಯನೊಬ್ಬ ಏನಾದರೂ ಗಲಾಟೆ ಎಬ್ಬಿಸಿ ವೈದ್ಯರ ಗಮನ ಸೆಳೆಯುತ್ತಿದ್ದ. ಅವರು ತಿರುಗಿ ನೋಡುವಷ್ಟರಲ್ಲಿ ಸ್ಟೇಸಿ ಮತ್ತೆ ಅದೇ ಎಡಗಾಲನ್ನು ಮುಂದಿಟ್ಟಿರುತ್ತಿದ್ದ. ಪಾಸ್! ಪ್ಯಾಂಟಿನೊಳಗೆ ಅಡಗುವ ಕಾಲಿದ್ದವನು ಯುರೋಪೆಲ್ಲ ಸುತ್ತಿ ಓಡಿಸಿದ. ಅಂಗಿಯೊಳಗೆ ಅಡಗದ ಕೈಯಿದ್ದವನನ್ನು ಗಡಿಯಲ್ಲೇ ತಡೆದರು. ತಪಾಸಣೆ ನೋಡುತ್ತಿದ್ದುದು ಸಾಮರ್ಥ್ಯವನ್ನಲ್ಲ, ನೋಟಕ್ಕೆ ಬೀಳುವುದನ್ನು.

ಸ್ಪಾದ ಆ ಬೋರ್ಡು

1958ರ ಮೇ 18, ಭಾನುವಾರ. ಬೆಲ್ಜಿಯಂನ ಸ್ಪಾ–ಫ್ರಾಂಕೋಶಾಂ. ಆಗಿನ ಸ್ಪಾ ಎಂದರೆ ಕಾಡು, ಹೊಲ, ಹಳ್ಳಿಗಳ ನಡುವಿನ 14 ಕಿಲೋಮೀಟರ್ ಸಾರ್ವಜನಿಕ ರಸ್ತೆ. ರೇಸಿನ ದಿನ ಸಂಚಾರ ನಿಲ್ಲಿಸಿ ಕಾರು ಬಿಡುತ್ತಿದ್ದರು, ಅಷ್ಟೇ. ಮರ, ಮನೆ, ಕಲ್ಲು, ಕಂಬ ಎಲ್ಲವೂ ಇದ್ದಲ್ಲಿಯೇ. ಈ ಸಲ ಸಂಘಟಕರು ಆರ್ಚಿಯನ್ನು ಒಪ್ಪಿದ್ದರು. ಯುರೋಪಿನ ನೆಲದಲ್ಲಿ ಅವನಿಗೆ ಕೊನೆಗೂ ಸಿಕ್ಕ ದೊಡ್ಡ ಅವಕಾಶ.

ಬಾವುಟ ಬಿದ್ದ ಕ್ಷಣದಿಂದ ಆರ್ಚಿ ಮತ್ತು ಗ್ರೆಗರಿ ಇಬ್ಬರೂ ಒಬ್ಬರನ್ನೊಬ್ಬರು ಬಿಡಲಿಲ್ಲ. ಒಮ್ಮೆ ಇವನು ಮುಂದೆ, ಒಮ್ಮೆ ಅವನು. ಉಳಿದವರು ಹಿಂದೆಲ್ಲೋ. ಸ್ಪಾದ ಹವಾಮಾನ ಎಂದಿಗೂ ನಂಬುವಂಥದ್ದಲ್ಲ. ಒಂದು ಕಡೆ ಬಿಸಿಲಿದ್ದರೆ ಇನ್ನೊಂದು ಕಡೆ ಮಳೆ. ಆರನೇ ಲ್ಯಾಪಿನಲ್ಲಿ ಲಾ ಸೋರ್ಸ್ ತಿರುವಿಗೆ ಮುಂಚಿನ ಕ್ಲಬ್‌ಹೌಸ್ ಬಾಗಿನಲ್ಲಿ ರಸ್ತೆ ಒದ್ದೆಯಾಗಿತ್ತು. ಆರ್ಚಿಯ ಕಾರು ಜಾರಿತು. ಅವನಿಗೆ ಜಾರುವುದು ಹೊಸದಲ್ಲ, ಹಿಡಿತಕ್ಕೆ ತರುತ್ತಲೂ ಇದ್ದ. ಆದರೆ ಚಕ್ರ ರಸ್ತೆಬದಿಯ ಬೋರ್ಡಿನ ಕಂಬಕ್ಕೆ ಬಡಿದು ಸ್ಟೀರಿಂಗಿಗೂ ಮುಂಚಕ್ರಕ್ಕೂ ಕೊಂಡಿಯಾಗಿರುವ ಸರಳು ಮುರಿಯಿತು. ಇನ್ನು ಎರಡು ಕೈಯಿರಲಿ, ನಾಲ್ಕು ಕೈಯಿದ್ದರೂ ಮಾಡುವುದೇನೂ ಇರಲಿಲ್ಲ. ಕಾರು ರಸ್ತೆಯ ದಿಬ್ಬ ಇಳಿದು ಹೊಲಕ್ಕೆ ಉರುಳಿತು. ಹಗುರವಾಗಲೆಂದು ಅದರ ಮೈಯನ್ನು ಮೆಗ್ನೀಸಿಯಂ ಬೆರೆತ ಲೋಹದಿಂದ ಮಾಡಿದ್ದರು. ಮೆಗ್ನೀಸಿಯಂಗೆ ಬೆಂಕಿ ಹತ್ತಿದರೆ ನೀರು ಹಾಕಿದರೂ ಆರದು. ಆರ್ಚಿಯನ್ನು ಎಳೆದು ಹೊರತಂದರು. ಮರುದಿನ, ಮೇ 19ರಂದು, ಆಸ್ಪತ್ರೆಯಲ್ಲಿ ಅವನು ತೀರಿಕೊಂಡ. 31 ವರ್ಷ ತುಂಬಿ ಆರು ದಿನವಾಗಿತ್ತು. ರೇಸನ್ನು ಗ್ರೆಗರಿ ಗೆದ್ದಿದ್ದ.

ಆರ್ಚಿಯ ಕಾರು ಹಾದಿ ತಪ್ಪಿದ ಆ ಬಾಗಿನ ಬಳಿಯಲ್ಲೇ ಒಂದು ಸ್ಮಾರಕವಿತ್ತು. 1939ರ ಜೂನ್ 25ರಂದು, ಮಳೆಯಲ್ಲಿ, ಮುನ್ನಡೆಯಲ್ಲಿದ್ದಾಗಲೇ ಮರಕ್ಕೆ ಬಡಿದು ಬೆಂಕಿಗೆ ಸಿಕ್ಕಿ ಸತ್ತ ರಿಚರ್ಡ್ ಸೀಮನ್‌ನ ನೆನಪಿಗೆ. ಅವನೂ ಬ್ರಿಟಿಷ್, ಅವನೂ ಕೇಂಬ್ರಿಜ್‌ನ ನಂಟಿದ್ದವನು, ಮರ್ಸಿಡಿಸ್ ತಂಡದ ಚಾಲಕ. ಎರಡು ಕೈ, ಎರಡು ಕಾಲು ಎಲ್ಲ ಸರಿಯಿದ್ದವನು. ಆ ಬಾಗಿಗೆ ಅದರಿಂದ ವ್ಯತ್ಯಾಸವೇನೂ ಆಗಲಿಲ್ಲ. ಹತ್ತೊಂಬತ್ತು ವರ್ಷಗಳ ನಡುವೆ ಚಾಲಕರನ್ನು ಬಗೆಬಗೆಯಾಗಿ ಪರೀಕ್ಷಿಸಿದವರು ಆ ರಸ್ತೆಬದಿಯ ಮರ, ಕಂಬಗಳನ್ನು ಪರೀಕ್ಷಿಸುವ ಗೋಜಿಗೆ ಹೋಗಿರಲಿಲ್ಲ. ಅಲನ್ ಸ್ಟೇಸಿ ಸತ್ತದ್ದೂ ಸ್ಪಾದಲ್ಲೇ, 1960ರ ಜೂನ್‌ನಲ್ಲಿ. ಮುಖಕ್ಕೆ ಹಕ್ಕಿಯೊಂದು ಬಡಿದು. ಕೃತಕ ಕಾಲಿಗೂ ಅದಕ್ಕೂ ಸಂಬಂಧವಿಲ್ಲ. ಅದೇ ರೇಸಿನಲ್ಲಿ ಕ್ರಿಸ್ ಬ್ರಿಸ್ಟೋ ಎಂಬ ಇನ್ನೊಬ್ಬ ಚಾಲಕನೂ ಪ್ರಾಣ ಬಿಟ್ಟ. ಆ ಹಳೆಯ ಸ್ಪಾದಲ್ಲಿ ಗ್ರ್ಯಾನ್ ಪ್ರಿ ನಡೆಯುವುದು 1970ರವರೆಗೂ ನಿಲ್ಲಲಿಲ್ಲ.

ಗೆಳೆಯ ಹೋದ ಮೇಲೆ ಬ್ರಿಯಾನ್ ಲಿಸ್ಟರ್‌ಗೆ ರೇಸೇ ಬೇಡವಾಗಿತ್ತು. ಕಾರು ಕೊಂಡ ಗಿರಾಕಿಗಳು, ಒಪ್ಪಂದಗಳು ಇದ್ದವು, ಹೇಗೋ ಮುಂದುವರಿಸಿದ. ಜುಲೈನಲ್ಲಿ ಸಿಲ್ವರ್‌ಸ್ಟೋನ್‌ನಲ್ಲಿ ಸ್ಟರ್ಲಿಂಗ್ ಮಾಸ್ ಲಿಸ್ಟರ್ ಕಾರು ಓಡಿಸಿ ಗೆಲ್ಲಿಸಿಕೊಟ್ಟ. ಮರುವರ್ಷ ತಂಡದ ಚಾಲಕ ಐವರ್ ಬ್ಯೂಬ್ ಕೂಡ ಫ್ರಾನ್ಸಿನ ಅಪಘಾತವೊಂದರಲ್ಲಿ ಗಾಯಗೊಂಡು ಸತ್ತಾಗ ಬ್ರಿಯಾನ್ ಸಾಕು ಎಂದು ಕೈತೊಳೆದುಕೊಂಡ. 88 ವರ್ಷ ಬದುಕಿ 2014ರಲ್ಲಿ ತೀರಿಕೊಂಡ. ಅವನ ಕಾರುಗಳು ಈಗ ಹರಾಜಿನಲ್ಲಿ ಕೋಟಿಗಟ್ಟಲೆ ಬಾಳುತ್ತವೆ.

ನಿಯಮಗಳು ಬದಲಾಗಲು ಬಹಳ ಕಾಲ ಹಿಡಿಯಿತು. 2017ರಲ್ಲಿ ಅಪಘಾತದಿಂದ ಎರಡೂ ಕಾಲು ಕಳೆದುಕೊಂಡ ಬಿಲ್ಲಿ ಮಾಂಗರ್ ಎಂಬ ಇಂಗ್ಲಿಷ್ ಹುಡುಗ, ಅಂತರರಾಷ್ಟ್ರೀಯ ಒಕ್ಕೂಟದ ನಿಯಮವನ್ನೇ ತಿದ್ದಿಸಿಕೊಂಡು ಒಂಟಿ ಸೀಟಿನ ಕಾರುಗಳ ರೇಸಿಗೆ ಮರಳಿದ. ರ‍್ಯಾಲಿ ಅಪಘಾತದಲ್ಲಿ ಬಲಗೈ ಜಖಂಗೊಂಡಿದ್ದ ಪೋಲೆಂಡಿನ ರಾಬರ್ಟ್ ಕುಬಿಟ್ಸ 2019ರಲ್ಲಿ ಫಾರ್ಮುಲಾ ಒನ್‌ಗೆ ಹಿಂದಿರುಗಿದ. 2025ರಲ್ಲಿ ಲ ಮಾನ್ 24 ಗಂಟೆಗಳ ರೇಸನ್ನೇ ಗೆದ್ದ. ಅವರಿಬ್ಬರ ಕೈಗೆಟಕುವಂತೆ ಗೇರುಗಳು ಈಗ ಸ್ಟೀರಿಂಗ್ ಮೇಲೆಯೇ ಬಂದಿವೆ. ಕನಾಟ್‌ನ ಪ್ರಿಸೆಲೆಕ್ಟರ್ ಬಿಟ್ಟರೆ ಆರ್ಚಿಗೆ ಅಂಥ ಅನುಕೂಲ ಯಾವುದೂ ಇರಲಿಲ್ಲ.

ವಿಶ್ವ ಚಾಂಪಿಯನ್‌ಷಿಪ್ ದಾಖಲೆಯಲ್ಲಿ ಆರ್ಚಿ ಸ್ಕಾಟ್ ಬ್ರೌನ್ ಹೆಸರಿನ ಮುಂದೆ ಇರುವುದು ಒಂದು ರೇಸ್, ಸೊನ್ನೆ ಅಂಕ. ಆ ದಾಖಲೆ ಸುಳ್ಳಲ್ಲ, ಆದರೆ ಅವನನ್ನು ಅಳೆಯಲು ಅದು ಸಾಲದು. 1957ರಲ್ಲಿ ಬ್ರಿಟನ್ನಿನ ಟ್ರ್ಯಾಕುಗಳಲ್ಲಿ ಸ್ಪೋರ್ಟ್ಸ್ ಕಾರು ಓಡಿಸಿದವರ ಪೈಕಿ ಅವನಿಗಿಂತ ವೇಗದವನು ಇರಲಿಲ್ಲ.